ಬಂಪರಿನ ಗೀರು: ಉಜ್ಜುವ ಮೊದಲು ಆಳ ನೋಡಿ



ಒಂದು ಸನ್ನಿವೇಶವನ್ನು ಊಹಿಸಿಕೊಳ್ಳಿ. ಮಾಗಡಿಯ ಒಂದು ಮನೆ. ತಂದೆ ಸಾಲ ಮಾಡಿ ಕೊಂಡ ಕಾರು ಅಂಗಳದಲ್ಲಿ ನಿಂತಿದೆ. ಹೊಸದಾಗಿ ಲೈಸೆನ್ಸ್ ಪಡೆದ ಮಗ, ಕಾಲೇಜು ಹುಡುಗ, ಕಾರನ್ನು ಹಿಂದಕ್ಕೆ ತೆಗೆಯುವಾಗ ಬಂಪರು ಕಾಂಪೌಂಡಿನ ಕಲ್ಲುಕಂಬಕ್ಕೆ ತಾಗುತ್ತದೆ. ಗೇಣುದ್ದದ ಒಂದು ಬಿಳಿ ಗೀರು. ಅಪ್ಪ ಸಂತೆಯಿಂದ ಬರುವುದರೊಳಗೆ ಅದನ್ನು ಇಲ್ಲವಾಗಿಸಬೇಕೆಂದು ಹುಡುಗ ಪಾತ್ರೆ ತಿಕ್ಕುವ ಪುಡಿ ಮತ್ತು ಸ್ಟೀಲ್ ನಾರು ತಂದು ತಿಕ್ಕುತ್ತಾನೆ. ಗೀರು ಹೋಗುವುದಿಲ್ಲ. ಅದರ ಸುತ್ತಲಿನ ಹೊಳಪು ಹೋಗುತ್ತದೆ. ಮರುದಿನ ಅಪ್ಪ ಮಗ ಇಬ್ಬರೂ ಪೇಂಟರ್ ಬಳಿ ಹೋದಾಗ ಅವರು ಬಂಪರನ್ನು ಒಮ್ಮೆ ಸವರಿ ನೋಡಿ ಹೇಳುತ್ತಾರೆ: "ಗೀರು ಇದ್ದದ್ದು ದಾರದಷ್ಟು ಕಣಪ್ಪಾ. ನೀನು ಕೆಡಿಸಿರೋದು ಅಂಗೈಯಷ್ಟು. ದಾರಕ್ಕೆ ಪಾಲಿಶ್ ಸಾಕಾಗಿತ್ತು. ಅಂಗೈಗೆ ಈಗ ಪೇಂಟೇ ಆಗಬೇಕು."

ಹುಡುಗ ಎಲ್ಲಿ ತಪ್ಪಿದ? ಅವನು ಶ್ರಮಪಡಲಿಲ್ಲ ಎಂದಲ್ಲ. ಗೀರು ಯಾವ ಪದರದವರೆಗೆ ಇಳಿದಿದೆ ಎಂದು ನೋಡದೆ ಕೈ ಹಾಕಿದ. ಬಂಪರಿನ ಗೀರನ್ನು ಮನೆಯಲ್ಲೇ ಸರಿಪಡಿಸುವ ವಿದ್ಯೆಯ ಮುಕ್ಕಾಲು ಭಾಗ ಈ ನೋಡುವುದರಲ್ಲೇ ಇದೆ. ಅದನ್ನು ಅರಿತವರಿಗೆ ಉಳಿದ ಕೆಲಸ ಕಷ್ಟವಲ್ಲ.

ಬೊಂಬೆಯ ಬಣ್ಣ, ಬಂಪರಿನ ಬಣ್ಣ

ಬಣ್ಣ ಎಂದರೆ ಏನೆಂದು ತಿಳಿಯಲು ಮಾಗಡಿ, ರಾಮನಗರ, ಕನಕಪುರದ ಮಕ್ಕಳು ದೂರ ಹೋಗಬೇಕಾಗಿಲ್ಲ. ಪಕ್ಕದ ಚನ್ನಪಟ್ಟಣದಲ್ಲಿ ಬೊಂಬೆ ಮಾಡುವವರ ಮನೆಗೆ ಹೋಗಿ ನೋಡಿದರೆ ಸಾಕು. ಅಲ್ಲಿ ಆಲೆ ಮರದ ತುಂಡು ಲೇತ್ ಯಂತ್ರದಲ್ಲಿ ಗಿರಗಿರನೆ ತಿರುಗುತ್ತಿರುತ್ತದೆ. ಕುಶಲಕರ್ಮಿ ಬಣ್ಣ ಬೆರೆಸಿದ ಅರಗಿನ ಕಡ್ಡಿಯನ್ನು ಅದಕ್ಕೆ ಒತ್ತಿ ಹಿಡಿಯುತ್ತಾರೆ. ತಿಕ್ಕಾಟದ ಬಿಸಿಗೆ ಅರಗು ಕರಗಿ ಮರಕ್ಕೆ ಅಂಟುತ್ತದೆ. ಆಮೇಲೆ ಒಣಗಿದ ಕೇದಗೆ ಎಲೆಯನ್ನು ಒತ್ತಿ ಹಿಡಿದರೆ ಬಣ್ಣ ಸಮನಾಗಿ ಹರಡಿ ಹೊಳೆಯುತ್ತದೆ. ಬಣ್ಣವೂ ಹೊಳಪೂ ಒಂದೇ ಪದರದಲ್ಲಿರುತ್ತವೆ. ಅರಗು ಬಿಸಿಗೆ ಮತ್ತೆ ಮೆತ್ತಗಾಗುವ ವಸ್ತು. ಆದ್ದರಿಂದ ಇಂಥ ಬೊಂಬೆಗೆ ಗೀರು ಬಿದ್ದರೆ ಅದನ್ನು ಪುನಃ ಲೇತ್‌ಗೆ ಕಟ್ಟಿ ಅರಗು ಹಿಡಿದರಾಯಿತು, ಹಳೆಯದೂ ಹೊಸದೂ ಕರಗಿ ಒಂದಾಗುತ್ತವೆ.

ಕಾರಿನ ಬಣ್ಣದ ಸ್ವಭಾವ ಹೀಗಿಲ್ಲ. ಕಾರ್ಖಾನೆಯಲ್ಲಿ ಬಳಿದ ಮೇಲ್ಪದರ ಗಟ್ಟಿಯಾಗುವಾಗ ಅದರ ಅಣುಗಳ ನಡುವೆ ಅಡ್ಡಕೊಂಡಿಗಳು ಬೆಸೆದುಕೊಂಡು ಬಲೆಯಂತಾಗುತ್ತವೆ. ಒಮ್ಮೆ ಬೆಸೆದ ಈ ಬಲೆ ಬಿಸಿ ಮಾಡಿದರೆ ಕರಗಿ ಹರಿಯುವುದಿಲ್ಲ. ಬೆಂದ ಮೊಟ್ಟೆ ಮತ್ತೆ ದ್ರವವಾಗದಂತೆ ಎಂದು ಬೇಕಾದರೆ ತಿಳಿಯಿರಿ. ಹೀಗಾಗಿ ಕಾರಿನ ಗೀರನ್ನು ಕರಗಿಸಿ ಕೂಡಿಸಲು ಬರುವುದಿಲ್ಲ. ನಮಗಿರುವ ದಾರಿ ಎರಡೇ: ಗೀರಿನ ಸುತ್ತಲಿನ ಪದರವನ್ನು ಗೀರಿನ ಮಟ್ಟಕ್ಕೆ ತಗ್ಗಿಸುವುದು, ಇಲ್ಲವೇ ಗೀರಿನ ಜಾಗದಲ್ಲಿ ಹೊಸ ಪದರಗಳನ್ನು ಕಟ್ಟುವುದು. ಮೊದಲನೆಯದು ಪಾಲಿಶ್, ಎರಡನೆಯದು ಪೇಂಟಿಂಗ್.

ಪಾಲಿಶ್ ಗೀರನ್ನು ತುಂಬುತ್ತದೆ ಎಂದು ಹಲವರು ನಂಬಿದ್ದಾರೆ. ಅದು ತುಂಬುವುದಿಲ್ಲ, ಸವೆಸುತ್ತದೆ. ಪ್ರತಿ ಸಲ ಪಾಲಿಶ್ ಮಾಡಿದಾಗಲೂ ಮೇಲ್ಪದರದಿಂದ ಒಂದಿಷ್ಟನ್ನು ಖರ್ಚು ಮಾಡುತ್ತೇವೆ. ಆ ಪದರ ಎಷ್ಟಿದೆ ಎಂಬ ಲೆಕ್ಕ ಆದ್ದರಿಂದ ಮುಖ್ಯ.

ಕೂದಲಷ್ಟು ದಪ್ಪದಲ್ಲಿ ಮೂರು ಪದರ

ಹಿಂದೆ ಕಾರುಗಳ ಬಂಪರು ಕಬ್ಬಿಣದ ಪಟ್ಟಿಯಾಗಿತ್ತು. ಇಂದಿನ ಬಹುಪಾಲು ಕಾರುಗಳಲ್ಲಿ ನಮಗೆ ಕಾಣುವುದು ಪ್ಲಾಸ್ಟಿಕ್ ಹೊದಿಕೆ. ಅದರ ಒಳಬದಿಯಲ್ಲಿ ಸಾಮಾನ್ಯವಾಗಿ 'ಪಿ.ಪಿ.' ಎಂಬ ಅಕ್ಷರಗಳಿರುತ್ತವೆ. ಪಾಲಿಪ್ರೊಪಿಲೀನ್ ಎಂದು ಅದರ ಅರ್ಥ. ಪೆಟ್ಟು ಬಿದ್ದಾಗ ಒಡೆಯದೆ ಬಾಗಲೆಂದು ಅದಕ್ಕೆ ರಬ್ಬರಿನಂಥ ವಸ್ತುವನ್ನೂ, ಗಡಸುತನಕ್ಕಾಗಿ ಟಾಲ್ಕ್ ಪುಡಿಯನ್ನೂ ಬೆರೆಸಿರುತ್ತಾರೆ.

ಈ ಪ್ಲಾಸ್ಟಿಕ್ಕಿನ ಮೇಲೆ ಮೊದಲು ಪ್ರೈಮರ್, ಅದರ ಮೇಲೆ ಬಣ್ಣ, ಎಲ್ಲಕ್ಕಿಂತ ಮೇಲೆ ಕ್ಲಿಯರ್ ಕೋಟ್ ಎಂಬ ಬಣ್ಣವಿಲ್ಲದ ಹೊಳಪಿನ ಪದರ ಇರುತ್ತವೆ. ಕ್ಲಿಯರ್ ಕೋಟ್ ಸಾಮಾನ್ಯವಾಗಿ 30ರಿಂದ 50 ಮೈಕ್ರಾನ್ ದಪ್ಪವಿರುತ್ತದೆ. ಬಣ್ಣದ ಪದರ ಅದಕ್ಕಿಂತಲೂ ತೆಳು. ಮೈಕ್ರಾನ್ ಎಂದರೆ ಒಂದು ಮಿಲಿಮೀಟರಿನ ಸಾವಿರದ ಒಂದು ಭಾಗ. ನಮ್ಮ ತಲೆಗೂದಲು ಸುಮಾರು 70 ಮೈಕ್ರಾನ್ ದಪ್ಪ. ಅಂದರೆ ಮೂರು ಪದರಗಳೂ ಸೇರಿ ಹೆಚ್ಚುಕಡಿಮೆ ಒಂದು ಕೂದಲಷ್ಟು! ಬಿಸಿಲಿನ ಅತಿನೇರಳೆ ಕಿರಣಗಳಿಂದ ಬಣ್ಣವನ್ನು ಕಾಯುವುದೂ ಈ ಕ್ಲಿಯರ್ ಕೋಟೇ. ಅದನ್ನು ಅತಿಯಾಗಿ ಉಜ್ಜಿ ತೆಳುವಾಗಿಸಿದರೆ ಇಂದು ಹೊಳೆದ ಜಾಗ ಕೆಲವು ವರ್ಷಗಳಲ್ಲಿ ಮಾಸಿ ಸಿಪ್ಪೆ ಏಳುತ್ತದೆ.

ಕಾರಿನ ಲೋಹದ ಮೈಗೆ ಬಳಿದ ಬಣ್ಣವನ್ನು ಒಲೆಯಲ್ಲಿ ಸುಮಾರು 140 ಡಿಗ್ರಿ ಸೆಲ್ಸಿಯಸ್‌ನಲ್ಲಿ ಬೇಯಿಸುತ್ತಾರೆ. ಪಾಲಿಪ್ರೊಪಿಲೀನ್ ಸುಮಾರು 160 ಡಿಗ್ರಿಯಲ್ಲಿ ಕರಗುತ್ತದೆ, ಅದಕ್ಕೆ ಬಹಳ ಮೊದಲೇ ಸೊಟ್ಟಗಾಗುತ್ತದೆ. ಆದ್ದರಿಂದ ಬಂಪರಿಗೆ ಸಾಮಾನ್ಯವಾಗಿ ಬೇರೆಯಾಗಿ ಬಣ್ಣ ಹಾಕಿ, 80 ಡಿಗ್ರಿಯ ಆಸುಪಾಸಿನಲ್ಲಿ ಒಣಗಿಸುತ್ತಾರೆ. ಹೊಸ ಕಾರಿನಲ್ಲೂ ಬಂಪರಿನ ಬಣ್ಣ ಪಕ್ಕದ ಲೋಹದ ಬಣ್ಣಕ್ಕಿಂತ ಕೂದಲೆಳೆಯಷ್ಟು ಬೇರೆ ಕಾಣುವುದಕ್ಕೆ ಇದೂ ಒಂದು ಕಾರಣ.

ಬಂಪರಿನ ವಿಷಯದಲ್ಲಿ ಒಂದು ಸಮಾಧಾನವಿದೆ. ಬಾನೆಟ್ಟಿನ ಮೇಲಿನ ಗೀರು ಲೋಹದವರೆಗೆ ಇಳಿದರೆ ತುಕ್ಕು ಹಿಡಿಯುತ್ತದೆ, ತಡಮಾಡುವಂತಿಲ್ಲ. ಪ್ಲಾಸ್ಟಿಕ್ಕಿಗೆ ತುಕ್ಕಿಲ್ಲ. ಹೀಗಾಗಿ ಅವಸರ ಬೇಡ. ಕಲಿಯುವವರಿಗೆ ಕಾರಿನಲ್ಲಿ ಬಂಪರಿಗಿಂತ ಒಳ್ಳೆಯ ಜಾಗವಿಲ್ಲ.

ಮೊದಲು ತೊಳೆಯಿರಿ

ಪರೀಕ್ಷೆಗೆ ಮುನ್ನ ದೂಳು ಹೋಗಬೇಕು. ರಾಮನಗರಕ್ಕೆ ಹಿಂದೆ ಕ್ಲೋಸ್‌ಪೇಟೆ ಎಂಬ ಹೆಸರಿತ್ತು. ಮೈಸೂರಿನಲ್ಲಿ ರೆಸಿಡೆಂಟ್ ಆಗಿದ್ದ ಬ್ಯಾರಿ ಕ್ಲೋಸ್ ಎಂಬ ಬ್ರಿಟಿಷ್ ಅಧಿಕಾರಿಯಿಂದ ಬಂದ ಹೆಸರು ಅದು. ಊರಿನ ಹೆಸರು ಬದಲಾದರೂ ಇಲ್ಲಿನ ಬೆಟ್ಟಗಳ ಕಲ್ಲನ್ನು ಭೂವಿಜ್ಞಾನಿಗಳು ಇಂದಿಗೂ ಕ್ಲೋಸ್‌ಪೇಟೆ ಗ್ರಾನೈಟ್ ಎಂದೇ ಕರೆಯುತ್ತಾರೆ. ಅದರ ವಯಸ್ಸು ಸುಮಾರು 250 ಕೋಟಿ ವರ್ಷ. ಈ ಕಲ್ಲಿನಲ್ಲಿ ಸ್ಫಟಿಕ ಶಿಲೆ, ಅಂದರೆ ಕ್ವಾರ್ಟ್ಜ್, ಹೇರಳವಾಗಿದೆ. ಮೋಸ್ ಗಡಸುತನದ ಅಳತೆಯಲ್ಲಿ ವಜ್ರಕ್ಕೆ 10 ಅಂಕವಾದರೆ ಕ್ವಾರ್ಟ್ಜ್‌ಗೆ 7. ಅದು ಗಾಜನ್ನೂ ಗೀರುತ್ತದೆ. ನಮ್ಮ ರಸ್ತೆಗಳ ದೂಳಿನಲ್ಲಿ ಇರುವುದು ಇದರ ಚೂರುಗಳೇ.

ಬೆಳಿಗ್ಗೆ ಕಾರಿನ ದೂಳನ್ನು ಒಣ ಬಟ್ಟೆಯಿಂದ ಒರೆಸುವ ಅಭ್ಯಾಸ ನಮ್ಮಲ್ಲಿ ಬಹಳ. ಅದು ಒರೆಸುವುದಲ್ಲ, ಮರಳು ಕಾಗದದಿಂದ ತಿಕ್ಕುವುದು. ಬಿಸಿಲಿನಲ್ಲಿ ಕಾಣುವ ಸುತ್ತು ಸುತ್ತಿನ ಸಣ್ಣ ಗೆರೆಗಳಲ್ಲಿ ಹೆಚ್ಚಿನವು ನಮ್ಮ ಕೈಯಿಂದಲೇ ಆದವು. ಆದ್ದರಿಂದ ಮೊದಲು ಧಾರಾಳವಾಗಿ ನೀರು ಹಾಕಿ ದೂಳನ್ನು ಇಳಿಸಿ. ಎರಡು ಬಕೆಟ್ ಇಟ್ಟುಕೊಳ್ಳಿ, ಒಂದರಲ್ಲಿ ಕಾರು ತೊಳೆಯುವ ಶಾಂಪೂ ನೀರು, ಇನ್ನೊಂದರಲ್ಲಿ ಬಟ್ಟೆ ಜಾಲಿಸಲು ಬರಿಯ ನೀರು. ಮೆತ್ತನೆಯ ಬಟ್ಟೆಯಿಂದ ತೊಳೆದು ನೆರಳಿನಲ್ಲಿ ಒಣಗಿಸಿ.

ಗೀರನ್ನು ಓದುವ ನಾಲ್ಕು ಬಗೆ

ಮೊದಲನೆಯದು, ಇದು ಗೀರೇ ಹೌದೋ ಅಲ್ಲವೋ? ಗೋಡೆಗೋ ಇನ್ನೊಂದು ವಾಹನಕ್ಕೋ ತಾಗಿದಾಗ ಅವುಗಳ ಬಣ್ಣ ನಮ್ಮ ಬಂಪರಿನ ಮೇಲೆ ಅಂಟಿ ಕುಳಿತಿರಬಹುದು. ಬೆರಳಿಗೆ ಹಳ್ಳವಾಗಿ ಸಿಗದೆ ಉಬ್ಬಾಗಿ ಸಿಕ್ಕರೆ ಅದು ಹತ್ತಿಕೊಂಡ ಬಣ್ಣ. ಸ್ವಲ್ಪ ರಬ್ಬಿಂಗ್ ಕಾಂಪೌಂಡಿನಿಂದ ಅದು ಬಿಟ್ಟುಬರುತ್ತದೆ. ಪೇಂಟಿಗೆ ಬೆರೆಸುವ ಥಿನ್ನರ್ ಮಾತ್ರ ಹಚ್ಚಬೇಡಿ, ಅದು ಅಡಿಯ ಬಣ್ಣವನ್ನೂ ಕೆಡಿಸಬಲ್ಲದು.

ಎರಡನೆಯದು ನೀರಿನ ಪರೀಕ್ಷೆ. ಒದ್ದೆ ಬೆರಳಿನಿಂದ ಗೀರನ್ನು ಸವರಿ. ಬಿಳಿ ಗೆರೆ ಕಣ್ಮರೆಯಾಗಿ, ಒಣಗಿದ ಮೇಲೆ ಮತ್ತೆ ಕಂಡರೆ ಗೀರು ಕ್ಲಿಯರ್ ಕೋಟಿನಲ್ಲೇ ಇದೆ ಎಂದು ತಿಳಿಯಬಹುದು. ಕಾರಣ ಹೀಗಿದೆ. ಗೀರಿನ ಒರಟು ಅಂಚುಗಳಲ್ಲಿ ಬೆಳಕು ಚದುರುವುದರಿಂದ ಅದು ಬೆಳ್ಳಗೆ ಕಾಣುತ್ತದೆ. ಗಾಳಿಯ ವಕ್ರೀಭವನ ಸೂಚ್ಯಂಕ 1, ನೀರಿನದು 1.33, ಕ್ಲಿಯರ್ ಕೋಟಿನದು ಸುಮಾರು 1.5. ಗೀರಿನಲ್ಲಿ ಗಾಳಿಯ ಬದಲು ನೀರು ತುಂಬಿದಾಗ ಈ ವ್ಯತ್ಯಾಸ ಕಡಿಮೆಯಾಗಿ ಬೆಳಕು ಅಷ್ಟಾಗಿ ಚದುರುವುದಿಲ್ಲ. ಪಠ್ಯಪುಸ್ತಕದ ಬೆಳಕಿನ ಪಾಠ ಇಲ್ಲಿ ಬಂಪರಿನ ಮೇಲೆಯೇ ಇದೆ.

ಮೂರನೆಯದು ಉಗುರಿನ ಪರೀಕ್ಷೆ. ಗೀರಿಗೆ ಅಡ್ಡಲಾಗಿ ಉಗುರನ್ನು ಹಗುರವಾಗಿ ಎಳೆಯಿರಿ. ಉಗುರು ತಡೆಯದೆ ಜಾರಿದರೆ ಪಾಲಿಶ್‌ನಿಂದ ಗುಣವಾಗುವ ಗೀರು. ಸಿಕ್ಕಿಕೊಂಡರೆ ಆಳದ್ದು, ಪಾಲಿಶ್‌ನಿಂದ ಮಂಕಾದೀತೇ ಹೊರತು ಹೋಗಲಾರದು.

ನಾಲ್ಕನೆಯದು ಗೀರಿನ ತಳದ ಬಣ್ಣ. ಕಾರಿನದೇ ಬಣ್ಣ ಕಂಡರೆ ಬಣ್ಣದ ಪದರ ಉಳಿದಿದೆ. ತಿಳಿ ಬೂದು ಅಥವಾ ಬಿಳಿ ಕಂಡು, ಒದ್ದೆ ಮಾಡಿದರೂ ಹೋಗದಿದ್ದರೆ ಪ್ರೈಮರ್ ಮುಟ್ಟಿದೆ. ಕಪ್ಪು ಅಥವಾ ಕಡು ಬೂದಿಯ ಒರಟು ಮೈ ಕಂಡರೆ ಅದು ಪ್ಲಾಸ್ಟಿಕ್.

ಮೇಲ್ಪದರದ ಗೀರಿಗೆ

ಅತಿ ಸಣ್ಣ ಗೀರಿಗೆ ಕಾಂಪೌಂಡ್ ಒಂದೇ ಸಾಕು. ಹತ್ತಿಬಟ್ಟೆ ಅಥವಾ ಸ್ಪಂಜಿಗೆ ಕಡಲೆಕಾಳಿನಷ್ಟು ಹಚ್ಚಿ, ಅಂಗೈ ಅಗಲದ ಜಾಗದಲ್ಲಿ ಹದವಾದ ಒತ್ತಡದಿಂದ ಒಂದೆರಡು ನಿಮಿಷ ಉಜ್ಜಿ, ಒರೆಸಿ, ನೋಡಿ. ಸಾಲದಿದ್ದರೆ ಇನ್ನೊಮ್ಮೆ. ಆಮೇಲೆ ಅದಕ್ಕಿಂತ ನಯವಾದ ಪಾಲಿಶ್, ಕೊನೆಗೆ ಮೇಣ. ಹಲ್ಲುಜ್ಜುವ ಪೇಸ್ಟಿನಿಂದ ಗೀರು ಹೋಗುತ್ತದೆ ಎನ್ನುವವರ ಮಾತು ಪೂರ್ತಿ ಸುಳ್ಳಲ್ಲ. ಅದರಲ್ಲೂ ನಯವಾದ ಉಜ್ಜುಪುಡಿ ಇದೆ. ಆದರೆ ಅದನ್ನು ಮಾಡಿರುವುದು ಹಲ್ಲಿಗಾಗಿ, ಬಣ್ಣಕ್ಕಾಗಿ ಅಲ್ಲ.

ಕಾಂಪೌಂಡಿಗೆ ಜಗ್ಗದ, ಆದರೆ ಉಗುರಿಗೆ ಸಿಗದ ಗೀರಿಗೆ 2000 ನಂಬರಿನ ವಾಟರ್ ಪೇಪರ್ ಬೇಕು. ನಂಬರ್ ಹೆಚ್ಚಿದಷ್ಟೂ ಹರಳು ಸಣ್ಣದು: 400 ನಂಬರಿನ ಹರಳು ಸುಮಾರು 35 ಮೈಕ್ರಾನ್, 2000 ನಂಬರಿನದು ಸುಮಾರು 10 ಮೈಕ್ರಾನ್. ಕಾಗದವನ್ನು ಹತ್ತು ನಿಮಿಷ ನೀರಿನಲ್ಲಿ ನೆನೆಸಿ, ಒಂದು ರಬ್ಬರ್ ತುಂಡಿಗೆ ಸುತ್ತಿ, ಸೋಪಿನ ನೀರು ಬಿಡುತ್ತ ಹಗುರವಾಗಿ ಏಳೆಂಟು ಸಲ ಎಳೆದು, ಒರೆಸಿ ನೋಡಿ. ಆ ಜಾಗ ಮಂಕಾಗುತ್ತದೆ, ಹೆದರಬೇಡಿ. ಮಂಕಿನ ನಡುವೆ ಗೀರು ಕಾಣದಾದ ಕೂಡಲೇ ನಿಲ್ಲಿಸಿ. ಅಲ್ಲಿಂದ ಕಾಂಪೌಂಡ್, ಪಾಲಿಶ್ ಹೊಳಪನ್ನು ಮರಳಿ ತರುತ್ತವೆ. ಉಜ್ಜುವಾಗ ಬರುವ ನೀರು ಹಾಲಿನಂತೆ ಬಿಳಿಯಾಗಿದ್ದರೆ ಸರಿ, ಅದು ಕ್ಲಿಯರ್ ಕೋಟ್. ಕಾರಿನ ಬಣ್ಣ ಬರತೊಡಗಿದರೆ ಪದರ ಮುಗಿದಿದೆ, ತಕ್ಷಣ ಕೈ ತೆಗೆಯಿರಿ. ಬಿಳಿ ಕಾರಿನಲ್ಲಿ ಈ ಗುರುತು ಸಿಗುವುದಿಲ್ಲವಾದ್ದರಿಂದ ಎಚ್ಚರ ಇನ್ನೂ ಹೆಚ್ಚಿರಲಿ. ಬಂಪರಿನ ಮೂಲೆ ಮತ್ತು ಏಣುಗಳ ಮೇಲೆ ವಾಟರ್ ಪೇಪರ್ ಆಡಿಸಲೇಬೇಡಿ. ಅಲ್ಲಿ ಒತ್ತಡವೆಲ್ಲ ಒಂದೇ ಗೆರೆಯ ಮೇಲೆ ಬಿದ್ದು ಪದರ ಬೇಗ ಸವೆಯುತ್ತದೆ.

ಪ್ಲಾಸ್ಟಿಕ್ ಕಾಣುವ ಗೀರಿಗೆ

ಇಲ್ಲಿ ಹೊಸ ಪದರ ಕಟ್ಟಬೇಕು. ತೊಡಕು ಏನೆಂದರೆ, ಪಾಲಿಪ್ರೊಪಿಲೀನ್ ಬಣ್ಣವನ್ನು ಹಿಡಿದುಕೊಳ್ಳುವುದಿಲ್ಲ. ಅದರ ಅಣುಗಳಲ್ಲಿ ಇಂಗಾಲ ಮತ್ತು ಜಲಜನಕ ಮಾತ್ರ ಇವೆ, ಬೇರೆ ವಸ್ತುವನ್ನು ಸೆಳೆದುಕೊಳ್ಳುವ ಗುಣ ಕಡಿಮೆ. ಕೆಸುವಿನ ಎಲೆಯ ಮೇಲಿನ ಹನಿಯ ಹಾಗೆ ನೀರು ಅದರ ಮೇಲೆ ಹರಡದೆ ಗುಂಡಗೆ ನಿಲ್ಲುತ್ತದೆ. ಬರಿಯ ಪ್ಲಾಸ್ಟಿಕ್ಕಿನ ಮೇಲೆ ನೇರವಾಗಿ ಬಣ್ಣ ಬಳಿದರೆ ಅಂದು ಚೆನ್ನಾಗಿಯೇ ಕಾಣುತ್ತದೆ. ಕೆಲವು ತಿಂಗಳಲ್ಲಿ ವಾಟರ್ ಸರ್ವಿಸಿನ ಜೋರು ನೀರಿಗೆ ಹಾಳೆ ಹಾಳೆಯಾಗಿ ಎದ್ದುಬರುತ್ತದೆ. ಕಾರ್ಖಾನೆಯಲ್ಲಿ ಬಂಪರಿನ ಮೈಗೆ ಬೆಂಕಿಯ ಜ್ವಾಲೆ ತಾಗಿಸಿ ಅಥವಾ ವಿಶೇಷ ಪ್ರೈಮರ್ ಹಚ್ಚಿ ಈ ತೊಡಕನ್ನು ನೀಗುತ್ತಾರೆ. ನಾವು ಜ್ವಾಲೆಯ ತಂಟೆಗೆ ಹೋಗುವಂತಿಲ್ಲ. ಪೇಂಟ್ ಅಂಗಡಿಯಲ್ಲಿ 'ಪ್ಲಾಸ್ಟಿಕ್ ಪ್ರೈಮರ್' ಎಂದೇ ಕೇಳಿ ತರಬೇಕು. ಮನೆಯ ದುರಸ್ತಿ ವಿಫಲವಾಗುವುದು ಹೆಚ್ಚಾಗಿ ಈ ಒಂದು ಡಬ್ಬಿಯನ್ನು ಉಳಿಸಲು ಹೋಗಿ.

ಕೆಲಸದ ಕ್ರಮ ಹೀಗೆ:

1. ಗೀರಿನ ಎದ್ದ ಅಂಚುಗಳನ್ನು 400, ಆಮೇಲೆ 600 ನಂಬರಿನ ಕಾಗದದಿಂದ ಇಳಿಜಾರಾಗುವಂತೆ ಉಜ್ಜಿ. ಬೆರಳು ಸವರಿದರೆ ಮೆಟ್ಟಿಲು ಸಿಗಬಾರದು. ಹಳ್ಳ ಆಳವಿದ್ದರೆ ಪ್ಲಾಸ್ಟಿಕ್ ಬಂಪರಿಗೆಂದೇ ಇರುವ ಬಾಗುವ ಪುಟ್ಟಿಯನ್ನು ತೆಳುವಾಗಿ ತುಂಬಿ, ಒಣಗಿದ ಮೇಲೆ ಸಮಮಾಡಿ. ಲೋಹಕ್ಕೆ ಬಳಸುವ ಗಡಸು ಪುಟ್ಟಿ ಬಂಪರು ಬಾಗಿದಾಗ ಬಿರಿಯುತ್ತದೆ.

2. ಐಸೊಪ್ರೊಪೈಲ್ ಆಲ್ಕೋಹಾಲಿನಿಂದ ಒರೆಸಿ. ಕೈಯ ಜಿಡ್ಡು, ಹಳೆಯ ಮೇಣ ಉಳಿದಿದ್ದರೆ ಬಣ್ಣ ನಿಲ್ಲುವುದಿಲ್ಲ. ಆಮೇಲೆ ಬರಿಗೈಯಿಂದ ಮುಟ್ಟಬೇಡಿ.

3. ಸುತ್ತಲೂ ಮಾಸ್ಕಿಂಗ್ ಟೇಪು, ಹಳೆಯ ಪತ್ರಿಕೆ ಅಂಟಿಸಿ. ದೀಪ, ಟೈರು, ಗಾಜಿನ ಮೇಲೂ ಹೊದಿಸಿ. ಗೀರಿನ ಬಳಿಯ ಟೇಪಿನ ಅಂಚನ್ನು ಹಿಂದಕ್ಕೆ ಮಡಚಿದರೆ ಹೊಸ ಬಣ್ಣ ಗೆರೆ ಕಟ್ಟದೆ ಮೆಲ್ಲಗೆ ತೆಳುವಾಗುತ್ತದೆ.

4. ಪ್ಲಾಸ್ಟಿಕ್ ಪ್ರೈಮರನ್ನು ತೆಳುವಾಗಿ ಸಿಂಪಡಿಸಿ. ಅದರ ಮೇಲೆ ಮೈ ತುಂಬುವ ಪ್ರೈಮರ್ ಎರಡು ಸಲ. ಚೆನ್ನಾಗಿ ಒಣಗಿದ ಮೇಲೆ 800, 1000 ನಂಬರಿನ ವಾಟರ್ ಪೇಪರಿನಿಂದ ನಯಮಾಡಿ, ಒರೆಸಿ ಒಣಗಿಸಿ.

5. ಬಣ್ಣ. ಕಾರಿನ ಬಣ್ಣದ ಸಂಕೇತ ಸಾಮಾನ್ಯವಾಗಿ ಬಾನೆಟ್ಟಿನ ಒಳಗೆ ಅಥವಾ ಬಾಗಿಲ ಕಂಬದ ಮೇಲಿನ ಫಲಕದಲ್ಲಿರುತ್ತದೆ. ಅದನ್ನು ಬರೆದುಕೊಂಡು ಹೋಗಿ. ಡಬ್ಬಿಯನ್ನು ಎರಡು ನಿಮಿಷ ಅಲ್ಲಾಡಿಸಿ, ಮೊದಲು ರಟ್ಟಿನ ಮೇಲೆ ಹೊಡೆದು ನೋಡಿ. 20ರಿಂದ 25 ಸೆಂಟಿಮೀಟರ್ ದೂರದಿಂದ, ಕೈಯನ್ನು ನಿಲ್ಲಿಸದೆ, ಗೀರಿಗಿಂತ ಮುಂಚೆ ಆರಂಭಿಸಿ ಗೀರು ದಾಟಿದ ಮೇಲೆ ಬಿಡಿ. ತೆಳುವಾಗಿ ಮೂರು ಸಲ, ನಡುವೆ ಸುಮಾರು ಹತ್ತು ನಿಮಿಷ. ಒಂದೇ ಸಲಕ್ಕೆ ಮುಚ್ಚಿಬಿಡುವ ಆಸೆಪಟ್ಟರೆ ಬಣ್ಣ ಕಣ್ಣೀರಿನಂತೆ ಇಳಿಯುತ್ತದೆ.

6. ಬಣ್ಣ ಒಣಗಿದ ಮೇಲೆ ಕ್ಲಿಯರ್ ಕೋಟ್ ಎರಡು ಮೂರು ಸಲ, ಬಣ್ಣಕ್ಕಿಂತ ಸ್ವಲ್ಪ ಅಗಲವಾಗಿ. ಒಂದು ವಾರ ಬಿಟ್ಟು ಅಂಚುಗಳನ್ನು 2000 ನಂಬರಿನಿಂದ ತಾಗಿಸಿ ಪಾಲಿಶ್ ಮಾಡಿ.

ಪ್ರತಿ ಡಬ್ಬಿಯ ಮೇಲೂ ಅದರದೇ ಸಮಯದ ಸೂಚನೆ ಇರುತ್ತದೆ. ಅದು ಬೇರೆಯಾಗಿದ್ದರೆ ಡಬ್ಬಿಯ ಮಾತನ್ನೇ ಕೇಳಿ. ಮೆಟಾಲಿಕ್ ಮತ್ತು ಪರ್ಲ್ ಬಣ್ಣಗಳಲ್ಲಿ ಸಣ್ಣ ಚೂರುಗಳಿದ್ದು, ಸಿಂಪಡಿಸುವ ರೀತಿಗೆ ತಕ್ಕಂತೆ ಅವು ಮಲಗುತ್ತವೆ. ಮನೆಯಲ್ಲಿ ಅವನ್ನು ಪೂರ್ತಿ ಹೊಂದಿಸುವುದು ಕಷ್ಟ. ಅಂಗೈ ದೂರದಿಂದಲ್ಲ, ಮಾರು ದೂರದಿಂದ ಕಾಣದಿದ್ದರೆ ಗೆದ್ದಿರೆಂದೇ ತಿಳಿಯಿರಿ.

ಹವೆಯನ್ನೂ ಉಸಿರನ್ನೂ ನೋಡಿಕೊಳ್ಳಿ

ಬಿರುಬಿಸಿಲಲ್ಲಿ ಕಾದ ಬಂಪರಿಗೆ ಬಣ್ಣ ಹೊಡೆದರೆ ಹನಿಗಳು ತಾಗುವ ಮೊದಲೇ ಒಣಗಿ ಮೈ ತರಿತರಿಯಾಗುತ್ತದೆ. ಮಳೆಗಾಲದ ತೇವದಲ್ಲಿ ಇನ್ನೊಂದು ಕಾಟ. ದ್ರಾವಕ ಆವಿಯಾಗುವಾಗ ಮೈ ತಣ್ಣಗಾಗಿ, ಗಾಳಿಯ ತೇವ ಅದರ ಮೇಲೆ ಇಬ್ಬನಿಯಂತೆ ಕುಳಿತು ಬಣ್ಣ ಬೆಳ್ಳಗೆ ಮಬ್ಬಾಗುತ್ತದೆ. ಮಳೆಯಿಲ್ಲದ, ಗಾಳಿ ಜೋರಿಲ್ಲದ ದಿನ ಬೆಳಗಿನ ಒಂಬತ್ತರಿಂದ ಹನ್ನೊಂದರವರೆಗೆ, ತೆರೆದ ನೆರಳಿನಲ್ಲಿ ಕೆಲಸ ಒಳ್ಳೆಯದು.

ಈ ಡಬ್ಬಿಗಳ ಆವಿ ಬೇಗ ಹೊತ್ತಿಕೊಳ್ಳುತ್ತದೆ. ಮುಚ್ಚಿದ ಗ್ಯಾರೇಜು ಬೇಡ. ಹತ್ತಿರ ಒಲೆ, ಬೀಡಿ, ಊದುಬತ್ತಿ ಯಾವುದೂ ಇರಬಾರದು. ಮೂಗಿಗೆ ಕಟ್ಟಿದ ಕರವಸ್ತ್ರ ದ್ರಾವಕದ ಆವಿಯನ್ನು ತಡೆಯುವುದಿಲ್ಲ, ಅದಕ್ಕೆ ಇದ್ದಿಲಿನ ಫಿಲ್ಟರ್ ಇರುವ ಮುಖಕವಚವೇ ಬೇಕು. ಇದಕ್ಕಿಂತ ದೊಡ್ಡ ಎಚ್ಚರಿಕೆ ಒಂದಿದೆ. ಗಟ್ಟಿಕಾರಕ, ಅಂದರೆ ಹಾರ್ಡನರ್, ಬೆರೆಸುವ ಎರಡು ಭಾಗದ ಕ್ಲಿಯರ್ ಕೋಟಿನಲ್ಲಿ ಸಾಮಾನ್ಯವಾಗಿ ಐಸೊಸಯನೇಟ್ ಎಂಬ ರಾಸಾಯನಿಕ ಇರುತ್ತದೆ. ಅದರ ತುಂತುರು ಉಸಿರಿಗೆ ಸೇರಿದರೆ ಉಬ್ಬಸ ಬರಬಹುದು. ಒಮ್ಮೆ ದೇಹ ಅದಕ್ಕೆ ಒಗ್ಗದಂತಾದರೆ ಮುಂದೆ ಸ್ವಲ್ಪವೇ ತಾಗಿದರೂ ಅಪಾಯ. ಬಾಳಿಕೆಯಲ್ಲಿ ಅದೇ ಮೇಲು, ಆದರೆ ಅದು ಮನೆಯಂಗಳದ ಕೆಲಸವಲ್ಲ. ಹಾರ್ಡನರ್ ಇಲ್ಲದ ಸಾಧಾರಣ ಡಬ್ಬಿಯೇ ನಿಮಗಿರಲಿ, ಅದು ತುಸು ಮೆದುವಾಗಿದ್ದರೂ ಸರಿ. ಉಜ್ಜಿದ ನೀರು ಕೆರೆಗೋ ಬಾವಿಗೋ ಸೇರುವ ಚರಂಡಿಗೆ ಹೋಗದಿರಲಿ. ಖಾಲಿ ಡಬ್ಬಿಯನ್ನು ಬೆಂಕಿಗೆ ಹಾಕಬೇಡಿ.

ಬಂಪರು ಸೀಳಿದ್ದರೆ, ಹಿಡಿಕೆಗಳು ಕಳಚಿದ್ದರೆ, ಅದರಲ್ಲಿ ಪಾರ್ಕಿಂಗ್ ಸೆನ್ಸರ್ ಅಥವಾ ಹಿಂದೆ ರೇಡಾರ್ ಇದ್ದರೆ ಆ ಜಾಗಕ್ಕೆ ನೀವು ಕೈ ಹಾಕಬೇಡಿ. ಮೇಲಿನ ಹೆಚ್ಚುವರಿ ಬಣ್ಣವೂ ಅವುಗಳ ಅಳತೆಯನ್ನು ತಪ್ಪಿಸಬಲ್ಲದು.

ಕೈಕೆಲಸವೂ ವಿದ್ಯೆಯೇ

ಬೆಂಗಳೂರು–ಮೈಸೂರು ರಸ್ತೆಯ ಬಿಡದಿಯಲ್ಲಿ ಟೊಯೊಟಾ ಕಿರ್ಲೋಸ್ಕರ್ ಕಾರ್ಖಾನೆ 1999ರ ಕೊನೆಯಲ್ಲಿ ವಾಹನ ತಯಾರಿಕೆ ಆರಂಭಿಸಿತು. ಅಲ್ಲಿಯೇ 2007ರಲ್ಲಿ ತೆರೆದ ತಾಂತ್ರಿಕ ತರಬೇತಿ ಸಂಸ್ಥೆ ಹತ್ತನೆಯ ತರಗತಿ ಮುಗಿಸಿದ ಗ್ರಾಮೀಣ ಮಕ್ಕಳಿಗೆ ಮೂರು ವರ್ಷದ ತರಬೇತಿ ಕೊಡುತ್ತ ಬಂದಿದೆ. ಬೆಸುಗೆ, ಜೋಡಣೆಗಳ ಜೊತೆಗೆ ವಾಹನಕ್ಕೆ ಬಣ್ಣ ಹಾಕುವುದೂ ಅಲ್ಲಿ ಒಂದು ವಿಷಯ. ರಸ್ತೆ ಬದಿಯ ಶೆಡ್ಡಿನಲ್ಲಿ ಕಣ್ಣಳತೆಯಿಂದಲೇ ಬಣ್ಣ ಬೆರೆಸುವ ಪೇಂಟರ್ ಕೂಡ ಇದೇ ವಿದ್ಯೆಯನ್ನು ಬೇರೆ ಶಾಲೆಯಲ್ಲಿ ಕಲಿತವರು. ಚನ್ನಪಟ್ಟಣದ ಅರಗಿನ ಕೆಲಸದವರಿಗೂ ಇವರಿಗೂ ಒಂದು ಮಾತು ಸಮಾನ: ಕೈಯಲ್ಲಿರುವ ವಸ್ತು ಯಾವುದು, ಅದು ಏನನ್ನು ಒಪ್ಪುತ್ತದೆ, ಏನನ್ನು ಒಪ್ಪುವುದಿಲ್ಲ ಎಂದು ಮೊದಲು ತಿಳಿಯುತ್ತಾರೆ.

ಮತ್ತೆ ಮಾಗಡಿಯ ಆ ಅಂಗಳಕ್ಕೆ ಬರೋಣ. ಹುಡುಗ ಬಂಪರನ್ನು ತೊಳೆದು, ಒದ್ದೆ ಬೆರಳಿನಿಂದ ಗೀರನ್ನು ಒಮ್ಮೆ ಸವರಿದ್ದರೆ ಅದು ಮಾಯವಾಗುವುದನ್ನು ಕಾಣುತ್ತಿದ್ದ. ಸಂತೆಯಿಂದ ಬಂದ ತಂದೆಗೆ, "ಅಪ್ಪಾ, ಕಂಬಕ್ಕೆ ತಾಗಿಸಿಬಿಟ್ಟೆ. ಗೀರು ಮೇಲ್ಪದರದಲ್ಲೇ ಇದೆ, ಭಾನುವಾರ ನಾನೇ ಪಾಲಿಶ್ ಮಾಡ್ತೀನಿ" ಎಂದು ಹೇಳಬಹುದಾಗಿತ್ತು. ತಂದೆ ಒಂದು ಮಾತು ಬೈದಿರುತ್ತಿದ್ದರು. ಆದರೆ ಬಂಪರಿಗೆ ಹೊಸ ಪೇಂಟ್ ಬೇಕಾಗುತ್ತಿರಲಿಲ್ಲ.